ಕೊಂಡ ಪ್ರತಿ ಅಳಿಯಿತು, ಕದ್ದ ಪ್ರತಿ ಉಳಿಯಿತು

ವಿಡಿಯೊ ಗೇಮ್‌ಗಳ ನಕಲು ತಡೆ, ಕರ್ನಾಟಕದ ಗೂಂಡಾ ಕಾಯ್ದೆ ಮತ್ತು ಯಾರೂ ಕಾಪಿಡದ ಹಳೆಯ ಆಟಗಳು

ಗಂಗಾವತಿ: ಎರಡು ದಶಕಗಳ ಹಿಂದೆ ಗಂಗಾವತಿ, ಕುಷ್ಟಗಿ, ಸಿಂಧನೂರಿನಂತಹ ಪಟ್ಟಣಗಳಿಗೆ ಕಂಪ್ಯೂಟರ್ ಆಟಗಳು ಬಂದದ್ದು ಕಂಪನಿಯ ಮೊಹರು ಹೊತ್ತ ಪೆಟ್ಟಿಗೆಗಳಲ್ಲಲ್ಲ. ಮಾರ್ಕರ್ ಪೆನ್ನಿನಲ್ಲಿ ಹೆಸರು ಬರೆದ ಸಿ.ಡಿ.ಗಳಲ್ಲಿ ಅವು ಬಂದವು; ಸೈಬರ್ ಕೆಫೆಯಿಂದ ಮನೆಗೆ, ಮನೆಯಿಂದ ಹಾಸ್ಟೆಲ್‌ಗೆ ಕೈಯಿಂದ ಕೈಗೆ ದಾಟಿದವು. 2003ರಲ್ಲಿ ಕಂಪ್ಯೂಟರ್‌ಗಳಿಗಾಗಿ ಬಿಡುಗಡೆಯಾದ ‘ಜಿ.ಟಿ.ಎ. ವೈಸ್ ಸಿಟಿ’ಯನ್ನು ರಾಜ್ಯದ ಒಂದು ತಲೆಮಾರಿನ ಯುವಕರು ಆಡಿ ಬೆಳೆದರಾದರೂ ಅದರ ಮೂಲ ಡಿಸ್ಕನ್ನು ಕಣ್ಣಾರೆ ಕಂಡವರು ವಿರಳ. ಮೂಲ ಡಿಸ್ಕ್‌ಗಳ ಬೆಲೆ ಹಲವು ನೂರು ರೂಪಾಯಿಗಳಾಗಿದ್ದು, ಅವು ದೊರೆಯುತ್ತಿದ್ದುದೂ ದೊಡ್ಡ ನಗರಗಳ ಕೆಲವೇ ಮಳಿಗೆಗಳಲ್ಲಿ. ನಕಲು ಪ್ರತಿಗಳಾದರೋ ಬೆಂಗಳೂರಿನ ಗಾಂಧಿನಗರದ ನ್ಯಾಷನಲ್ ಮಾರ್ಕೆಟ್‌ನಂತಹ ತಾಣಗಳಿಂದ ಹೊರಟು ತಾಲ್ಲೂಕು ಕೇಂದ್ರಗಳವರೆಗೆ ತಲುಪುತ್ತಿದ್ದವು.

ಇದು ಅಂದೂ ಕಾನೂನುಬಾಹಿರವಾಗಿತ್ತು, ಇಂದೂ ಕಾನೂನುಬಾಹಿರವೇ. ಆದರೆ 2015ರಲ್ಲಿ ನಡೆದ ಒಂದು ತಾಂತ್ರಿಕ ಬದಲಾವಣೆ ಈ ಲೆಕ್ಕಾಚಾರವನ್ನು ತಲೆಕೆಳಗು ಮಾಡಿತು. ಆ ವರ್ಷ ಮೈಕ್ರೋಸಾಫ್ಟ್ ಬಿಡುಗಡೆ ಮಾಡಿದ ವಿಂಡೋಸ್ 10, ‘ಸೇಫ್‌ಡಿಸ್ಕ್’ ಹಾಗೂ ‘ಸೆಕ್ಯುರಾಮ್’ನ ಹಳೆಯ ಆವೃತ್ತಿಗಳೆಂಬ ನಕಲು ತಡೆ ವ್ಯವಸ್ಥೆಗಳಿಗೆ ಬೆಂಬಲ ನೀಡಲು ನಿರಾಕರಿಸಿತು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಹಳೆಯ ವಿಂಡೋಸ್ ಆವೃತ್ತಿಗಳಲ್ಲೂ ಸೇಫ್‌ಡಿಸ್ಕ್‌ನ ಚಾಲಕ ತಂತ್ರಾಂಶವನ್ನು ಸುರಕ್ಷತೆಯ ಕಾರಣಕ್ಕಾಗಿ ನಿಷ್ಕ್ರಿಯಗೊಳಿಸಲಾಯಿತು. ಪರಿಣಾಮವಾಗಿ 2000ರ ದಶಕದಲ್ಲಿ ಪೂರ್ಣ ಹಣ ತೆತ್ತು ಖರೀದಿಸಿದ ಅಸಂಖ್ಯ ಡಿಸ್ಕ್‌ಗಳು ಹೊಸ ಯಂತ್ರಗಳಲ್ಲಿ ಚಾಲನೆಗೊಳ್ಳದೇ ಹೋದವು. ಬೀಗ ಮುರಿದ ನಕಲು ಪ್ರತಿಗಳಿಗೆ ಈ ತೊಡಕು ಎದುರಾಗಲಿಲ್ಲ. ಪ್ರಾಮಾಣಿಕ ಗ್ರಾಹಕನ ಕೈಯಲ್ಲಿ ಉಪಯೋಗಕ್ಕೆ ಬಾರದ ತಟ್ಟೆ ಉಳಿಯಿತು. ಕದ್ದವನ ಬಳಿ ಆಟ ಉಳಿಯಿತು.

ಕೃತಿಸ್ವಾಮ್ಯದ ರಕ್ಷಣೆ ಮತ್ತು ಕೃತಿಯ ರಕ್ಷಣೆ ಒಂದೇ ಅಲ್ಲ ಎಂಬ ಸತ್ಯವನ್ನು ಈ ಘಟನೆ ಬಯಲಿಗೆ ತಂದಿತು. ಗೇಮ್ ಉದ್ಯಮದ ದೊಡ್ಡ ನೆಲೆಯೂ ಆಗಿರುವ, ಪೈರಸಿಯ ವಿರುದ್ಧ ಅತ್ಯಂತ ಕಠಿಣ ಕಾನೂನನ್ನೂ ಹೊಂದಿರುವ ಕರ್ನಾಟಕಕ್ಕೆ ಈ ವ್ಯತ್ಯಾಸ ಅತಿ ಮುಖ್ಯವಾದುದು.

ಬೀಗದ ಆಯುಷ್ಯ

ನಕಲು ತಡೆಯ ಇತಿಹಾಸ ಸಿ.ಡಿ.ಗಳಿಗಿಂತ ಹಳೆಯದು. ಜಪಾನಿನ ನಿಂಟೆಂಡೊ ಕಂಪನಿ 1983ರಲ್ಲಿ ತನ್ನ ದೇಶದಲ್ಲಿ ಬಿಡುಗಡೆ ಮಾಡಿದ ‘ಫ್ಯಾಮಿಕಾಮ್’ ಯಂತ್ರದಲ್ಲಿ ಬೀಗದ ಚಿಪ್ ಇರಲಿಲ್ಲ. 1985ರಲ್ಲಿ ಅದೇ ಯಂತ್ರವನ್ನು ಅಮೆರಿಕಕ್ಕೆ ಒಯ್ದಾಗ, ಅನಧಿಕೃತ ಕ್ಯಾಸೆಟ್‌ಗಳನ್ನು ತಿರಸ್ಕರಿಸುವ ಚಿಪ್ ಒಂದನ್ನು ಅಳವಡಿಸಲಾಯಿತು. ತೊಂಬತ್ತರ ದಶಕದಲ್ಲಿ ಟಿ.ವಿ.ಗೆ ಜೋಡಿಸಿ ಆಡುವ ‘ಟಿ.ವಿ. ಗೇಮ್’ ಹೆಸರಿನಲ್ಲಿ ಭಾರತದ ಊರೂರಿಗೆ ಬಂದ ಅಗ್ಗದ ಯಂತ್ರಗಳಲ್ಲಿ ಬಹುಪಾಲು ಬೀಗವಿಲ್ಲದ ಜಪಾನಿ ಯಂತ್ರದ ನಕಲುಗಳು. ಮಾರಿಯೋ, ಕಾಂಟ್ರಾ ಮುಂತಾದ ಹೆಸರುಗಳು ಮಧ್ಯಮ ವರ್ಗದ ಮನೆಗಳಿಗೆ ಪರಿಚಿತವಾದದ್ದು ಈ ದಾರಿಯಿಂದ.

ಸಿ.ಡಿ.ಗಳ ಕಾಲದಲ್ಲಿ ಬೀಗದ ಸ್ವರೂಪ ಬದಲಾಯಿತು. ಸಾಮಾನ್ಯ ಸಿ.ಡಿ. ರೈಟರ್‌ಗಳು ನಿಖರವಾಗಿ ನಕಲಿಸಲಾರದಂತಹ ಗುರುತುಗಳನ್ನು ಮೂಲ ಡಿಸ್ಕ್‌ನಲ್ಲಿ ಅಡಗಿಸಿ, ಆಟ ಆರಂಭವಾಗುವ ಮುನ್ನ ಅವು ಇವೆಯೇ ಎಂದು ಪರೀಕ್ಷಿಸುವುದು ಇದರ ಮೂಲ ತಂತ್ರ. ಈ ಪರೀಕ್ಷೆಗಾಗಿ ಕಂಪ್ಯೂಟರ್‌ನ ಕಾರ್ಯಾಚರಣಾ ವ್ಯವಸ್ಥೆಯ ಆಳದಲ್ಲಿ ಕೆಲಸ ಮಾಡುವ ಚಾಲಕ ತಂತ್ರಾಂಶ ಬೇಕು. ಅಷ್ಟು ಆಳಕ್ಕೆ ಇಳಿಯುವ ತಂತ್ರಾಂಶದಲ್ಲಿ ಒಂದು ದೋಷವಿದ್ದರೂ ಅದು ವೈರಸ್‌ಗಳಿಗೆ ಬಾಗಿಲು ತೆರೆದಂತೆ. ಮೈಕ್ರೋಸಾಫ್ಟ್ ಬೆಂಬಲ ಹಿಂತೆಗೆದುಕೊಂಡದ್ದು ಈ ಕಾರಣಕ್ಕೆ. ಸುರಕ್ಷತೆಯ ದೃಷ್ಟಿಯಿಂದ ಅದು ಸರಿಯಾದ ನಿರ್ಧಾರವೇ. ಆದರೆ ಬೀಗ ಹಾಕಿದ ಕಂಪನಿಗಳಲ್ಲಿ ಎಲ್ಲವೂ ಕೀಲಿ ಕೊಡಲು ಮುಂದೆ ಬರಲಿಲ್ಲ. ಕೆಲವು ಅಷ್ಟರಲ್ಲಿ ಮುಚ್ಚಿಹೋಗಿದ್ದವು, ಕೆಲವು ಮಾರಾಟವಾಗಿದ್ದವು.

ಆಟದ ಮೇಲಿನ ಕಾನೂನುಬದ್ಧ ಹಕ್ಕಿನ ಅವಧಿಯನ್ನು ಇದರೊಂದಿಗೆ ಹೋಲಿಸಿ ನೋಡಬೇಕು. ಭಾರತದ 1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಕಂಪ್ಯೂಟರ್ ಪ್ರೋಗ್ರಾಂ ‘ಸಾಹಿತ್ಯ ಕೃತಿ’ಯ ವ್ಯಾಖ್ಯೆಯೊಳಗೆ ಬರುತ್ತದೆ. ಸಾಹಿತ್ಯ ಕೃತಿಯ ಹಕ್ಕು ಕರ್ತೃವಿನ ಜೀವಿತಾವಧಿ ಮತ್ತು ನಂತರದ 60 ವರ್ಷಗಳವರೆಗೆ ಉಳಿಯುತ್ತದೆ. ಬೀಗದ ಆಯುಷ್ಯ ಹತ್ತು ಹದಿನೈದು ವರ್ಷ; ಬೀಗ ತೆಗೆಯುವುದನ್ನು ನಿರ್ಬಂಧಿಸುವ ಹಕ್ಕಿನ ಆಯುಷ್ಯ ಒಂದು ಮನುಷ್ಯ ಜೀವಮಾನಕ್ಕೂ ಮಿಗಿಲು.

ಕಂಪನಿಗೇ ಬೇಕಾದ ಕಳ್ಳಕೀಲಿ

ಈ ವಿಪರ್ಯಾಸದ ಬಿಸಿ ಕಂಪನಿಗಳಿಗೂ ತಟ್ಟಿದೆ. 2008ರಲ್ಲಿ ಫ್ರಾನ್ಸ್ ಮೂಲದ ಯೂಬಿಸಾಫ್ಟ್ ತನ್ನ ‘ರೇನ್‌ಬೋ ಸಿಕ್ಸ್ ವೇಗಸ್ 2’ ಆಟದ ಡಿಜಿಟಲ್ ಪ್ರತಿ ಖರೀದಿಸಿದವರ ತೊಂದರೆ ನಿವಾರಿಸಲು ಅಧಿಕೃತವಾಗಿ ನೀಡಿದ ಕಡತವು ‘ರಿಲೋಡೆಡ್’ ಎಂಬ ಪೈರಸಿ ಗುಂಪು ಸಿದ್ಧಪಡಿಸಿದ್ದ ಕಡತವೇ ಆಗಿತ್ತು ಎಂಬುದು ಬಹಿರಂಗವಾಯಿತು. 2010ರಲ್ಲಿ ‘ಮ್ಯಾಕ್ಸ್ ಪೇನ್ 2’ ಆಟದ ಅಧಿಕೃತ ಡಿಜಿಟಲ್ ಪ್ರತಿಯೊಳಗೆ ‘ಮಿಥ್’ ಎಂಬ ಮತ್ತೊಂದು ಗುಂಪಿನ ಗುರುತು ಪತ್ತೆಯಾಯಿತು. ತಮ್ಮದೇ ಬೀಗದ ಕೀಲಿಗಾಗಿ ಕಂಪನಿಗಳು ಕಳ್ಳನ ಮನೆಗೆ ಹೋದಂತಾಯಿತು.

ಕಾನೂನುಬದ್ಧ ಮಾರುಕಟ್ಟೆಯಲ್ಲಿ ಹಳೆಯ ಆಟ ಸಿಗುತ್ತದೆಯೇ ಎಂಬ ಪ್ರಶ್ನೆಗೂ ಉತ್ತರ ಸಮಾಧಾನಕರವಾಗಿಲ್ಲ. ಅಮೆರಿಕದ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಶನ್ 2023ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಆ ದೇಶದಲ್ಲಿ ಬಿಡುಗಡೆಯಾದ ಹಳೆಯ ಆಟಗಳ ಪೈಕಿ ಶೇ 87ರಷ್ಟು ಈಗ ಯಾವ ಅಧಿಕೃತ ಮಾರಾಟದಲ್ಲೂ ಇಲ್ಲ. ಮಾರಾಟದಲ್ಲಿರುವವೂ ಯಥಾವತ್ತಾಗಿ ಉಳಿದಿಲ್ಲ. ‘ವೈಸ್ ಸಿಟಿ’ಯ ಉದಾಹರಣೆಯನ್ನೇ ತೆಗೆದುಕೊಳ್ಳಬಹುದು. ಹಾಡುಗಳ ಪರವಾನಗಿ ಅವಧಿ ಮುಗಿದುದರಿಂದ ಅದರ ಡಿಜಿಟಲ್ ಪ್ರತಿಯಿಂದ 2012ರಲ್ಲಿ ಕೆಲವು ಹಾಡುಗಳನ್ನು ಕೈಬಿಡಲಾಯಿತು. 2021ರಲ್ಲಿ ಹೊಸ ಆವೃತ್ತಿ ಹೊರತರುವ ಮುನ್ನ ಹಳೆಯ ಆವೃತ್ತಿಯನ್ನು ಆನ್‌ಲೈನ್ ಮಳಿಗೆಗಳಿಂದಲೇ ತೆಗೆಯಲಾಯಿತು. ಹೊಸದರ ದೋಷಗಳ ಬಗ್ಗೆ ಆಟಗಾರರು ಸಿಡಿದೆದ್ದ ನಂತರ ಕಂಪನಿ ಹಳೆಯದನ್ನು ತನ್ನ ಮಳಿಗೆಯಲ್ಲಿ ಮರಳಿ ಇರಿಸಿತು. ಎರಡೂ ನಿರ್ಧಾರಗಳು ಒಬ್ಬ ಮಾರಾಟಗಾರನ ಕೈಯಲ್ಲಿದ್ದವು ಎಂಬುದು ಗಮನಾರ್ಹ.

ಸರ್ವರ್ ಸ್ಥಗಿತವಾದರೆ ಆಟವೇ ಇಲ್ಲ

ಡಿಸ್ಕ್‌ನ ಬೀಗವನ್ನಾದರೂ ಮುರಿಯಬಹುದಿತ್ತು. ಇಂದಿನ ಬಹುತೇಕ ಜನಪ್ರಿಯ ಆಟಗಳಲ್ಲಿ ಆಟದ ಅರ್ಧಭಾಗ ಆಟಗಾರನ ಯಂತ್ರದಲ್ಲಿದ್ದರೆ ಉಳಿದರ್ಧ ಕಂಪನಿಯ ಸರ್ವರ್‌ನಲ್ಲಿರುತ್ತದೆ. ಅನೇಕ ಆಟಗಳ ಆನ್‌ಲೈನ್ ಸ್ಪರ್ಧೆಗೆ ಆಧಾರವಾಗಿದ್ದ ‘ಗೇಮ್‌ಸ್ಪೈ’ ಸೇವೆ 2014ರ ಮೇ 31ರಂದು ಸ್ಥಗಿತಗೊಂಡಾಗ ಹತ್ತಾರು ಆಟಗಳ ಆ ಭಾಗ ನಿಶ್ಶಬ್ದವಾಯಿತು. ಯೂಬಿಸಾಫ್ಟ್ ತನ್ನ ಕಾರು ಓಟದ ಆಟ ‘ದಿ ಕ್ರೂ’ವಿನ ಸರ್ವರ್‌ಗಳನ್ನು 2024ರ ಮಾರ್ಚ್ 31ರಂದು ಮುಚ್ಚಿದಾಗ, ಒಬ್ಬರೇ ಕುಳಿತು ಆಡುವವರಿಗೂ ಆ ಆಟ ಇಲ್ಲವಾಯಿತು.

ಭಾರತದ ಆಟಗಾರರಿಗೆ ಇದರ ಅನುಭವ ಬೇರೆ ರೂಪದಲ್ಲಿ ಆಗಿದೆ. ಕೇಂದ್ರ ಸರ್ಕಾರ 2020ರ ಸೆಪ್ಟೆಂಬರ್ 2ರಂದು ‘ಪಬ್‌ಜಿ ಮೊಬೈಲ್’ ನಿಷೇಧಿಸಿತು. ಅಕ್ಟೋಬರ್ 30ರಂದು ಅದರ ಸರ್ವರ್ ಸೇವೆ ನಿಂತಿತು. ನಿಷೇಧದ ಹಿಂದಿನ ಭದ್ರತಾ ಕಾರಣಗಳ ಚರ್ಚೆ ಬೇರೆ. ಕೋಟ್ಯಂತರ ಜನರು ದಿನನಿತ್ಯ ಆಡುತ್ತಿದ್ದ ಆಟವೊಂದು ಒಂದೇ ದಿನದಲ್ಲಿ ಮರೆಯಾಗಬಲ್ಲದು, ಅದಕ್ಕೆ ತೆತ್ತ ಹಣ ಯಾವ ಒಡೆತನವನ್ನೂ ತಂದುಕೊಡುವುದಿಲ್ಲ ಎಂಬುದನ್ನು ಅದು ತೋರಿಸಿತು.

ಗೂಂಡಾ ಕಾಯ್ದೆಯ ತೂಕ

ಕರ್ನಾಟಕ ಸರ್ಕಾರ 2014ರಲ್ಲಿ ಜನಬಳಕೆಯಲ್ಲಿ ‘ಗೂಂಡಾ ಕಾಯ್ದೆ’ ಎಂದೇ ಕರೆಯಲಾಗುವ 1985ರ ಕಾಯ್ದೆಗೆ ತಿದ್ದುಪಡಿ ತಂದು, ಕಳ್ಳಭಟ್ಟಿ ದಂಧೆಕೋರರು ಹಾಗೂ ಗೂಂಡಾಗಳ ಸಾಲಿಗೆ ‘ವಿಡಿಯೊ, ಆಡಿಯೊ ಪೈರಸಿ’ ಮಾಡುವವರನ್ನೂ ‘ಡಿಜಿಟಲ್ ಅಪರಾಧಿ’ಗಳನ್ನೂ ಸೇರಿಸಿತು. ಪುಸ್ತಕ, ಸಂಗೀತ, ಚಲನಚಿತ್ರಗಳಷ್ಟೇ ಅಲ್ಲದೆ ತಂತ್ರಾಂಶದ ಕೃತಿಸ್ವಾಮ್ಯವನ್ನು ವಾಣಿಜ್ಯ ಉದ್ದೇಶಕ್ಕಾಗಿ ಉಲ್ಲಂಘಿಸುವವರೂ ಈ ವ್ಯಾಪ್ತಿಗೆ ಬರುತ್ತಾರೆ. ಈ ಕಾಯ್ದೆಯಡಿ ವಿಚಾರಣೆಗೆ ಮುನ್ನವೇ ವ್ಯಕ್ತಿಯನ್ನು ಗರಿಷ್ಠ 12 ತಿಂಗಳವರೆಗೆ ಮುಂಜಾಗ್ರತಾ ಬಂಧನದಲ್ಲಿ ಇರಿಸಲು ಅವಕಾಶವಿದೆ. ಹೊಸ ಚಿತ್ರ ತೆರೆಕಂಡ ಬೆನ್ನಲ್ಲೇ ಅದರ ನಕಲು ಸಿ.ಡಿ. ಬೀದಿಗೆ ಬರುತ್ತಿದ್ದುದರಿಂದ ಕಂಗೆಟ್ಟಿದ್ದ ಕನ್ನಡ ಚಿತ್ರರಂಗ ಇಂತಹ ಕ್ರಮಕ್ಕಾಗಿ ಒತ್ತಾಯಿಸಿತ್ತು.

ಇದಕ್ಕೆ ಜೊತೆಯಾಗಿ ಕೇಂದ್ರದ ಕಾಯ್ದೆಯೂ ಇದೆ. ಕೃತಿಸ್ವಾಮ್ಯ ಕಾಯ್ದೆಯ 63ನೇ ಸೆಕ್ಷನ್‌ನಡಿಯ ಅಪರಾಧ ಸಂಜ್ಞೇಯ ಹಾಗೂ ಜಾಮೀನುರಹಿತ ಎಂದು ಸುಪ್ರೀಂ ಕೋರ್ಟ್ 2022ರ ಮೇ 20ರಂದು ತೀರ್ಪು ನೀಡಿದೆ. 63ಬಿ ಸೆಕ್ಷನ್ ಪ್ರಕಾರ, ನಕಲು ಎಂದು ತಿಳಿದೂ ಅದನ್ನು ಕಂಪ್ಯೂಟರ್‌ನಲ್ಲಿ ಬಳಸಿದವನಿಗೆ 7 ದಿನಗಳಿಂದ 3 ವರ್ಷಗಳವರೆಗೆ ಜೈಲು ಶಿಕ್ಷೆ, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ ವಿಧಿಸಬಹುದು. ಲಾಭದ ಉದ್ದೇಶವಿಲ್ಲದಿದ್ದರೆ ಜೈಲು ಶಿಕ್ಷೆಯನ್ನು ಕೈಬಿಡುವ ಅಧಿಕಾರ ನ್ಯಾಯಾಲಯಕ್ಕಿದೆ.

ಬೀಗ ಮುರಿಯುವುದರ ಬಗ್ಗೆ 2012ರ ತಿದ್ದುಪಡಿಯಲ್ಲಿ ಸೇರಿಸಲಾದ 65ಎ ಸೆಕ್ಷನ್ ತುಸು ಉದಾರವಾಗಿದೆ ಎನ್ನಬೇಕು. ಅಮೆರಿಕದ 1998ರ ಕಾಯ್ದೆಯಲ್ಲಿ ಬೀಗ ಮುರಿಯುವುದೇ ತಪ್ಪು. ಮೂರು ವರ್ಷಗಳಿಗೊಮ್ಮೆ ನೀಡುವ ವಿನಾಯಿತಿಗಳಷ್ಟೇ ಅದಕ್ಕೆ ಅಪವಾದ. ಭಾರತದಲ್ಲಿ ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ಬೀಗ ಮುರಿದರೆ ಮಾತ್ರ ಅಪರಾಧ. ಕಾನೂನುಬದ್ಧವಾಗಿ ಪ್ರತಿ ಹೊಂದಿರುವವನು ನಾಶ ಅಥವಾ ಹಾನಿಯಿಂದ ರಕ್ಷಿಸಿಕೊಳ್ಳಲು ಅದರ ಬ್ಯಾಕಪ್ ಪ್ರತಿ ಮಾಡಿಕೊಳ್ಳಲೂ 52ನೇ ಸೆಕ್ಷನ್ ಅನುಮತಿಸುತ್ತದೆ. ಹೀಗಾಗಿ ತನ್ನ ಹಳೆಯ ಡಿಸ್ಕನ್ನು ತನಗಾಗಿ ಉಳಿಸಿಕೊಳ್ಳುವವನಿಗೆ ಕಾನೂನಿನ ಆಸರೆ ಸ್ವಲ್ಪಮಟ್ಟಿಗೆ ಇದೆ.

ನಿಜವಾದ ತೊಡಕು ಇರುವುದು ಸಂಸ್ಥೆಗಳ ವಿಷಯದಲ್ಲಿ. ವಾಣಿಜ್ಯೇತರ ಸಾರ್ವಜನಿಕ ಗ್ರಂಥಾಲಯವು ಸಂರಕ್ಷಣೆಗಾಗಿ ಕೃತಿಯ ಡಿಜಿಟಲ್ ಪ್ರತಿಯನ್ನು ಸಂಗ್ರಹಿಸಬಹುದು ಎಂದು 52ನೇ ಸೆಕ್ಷನ್ ಹೇಳುತ್ತದೆ. ಆದರೆ ಆ ಗ್ರಂಥಾಲಯದ ಬಳಿ ಕೃತಿಯ ಡಿಜಿಟಲ್ ಅಲ್ಲದ ಪ್ರತಿ ಮೊದಲೇ ಇರಬೇಕು ಎಂಬ ಷರತ್ತು ಅದಕ್ಕಿದೆ. ಪುಸ್ತಕಕ್ಕೆ ಈ ಷರತ್ತು ಸಹಜ. ವಿಡಿಯೊ ಗೇಮ್‌ಗೆ ಡಿಜಿಟಲ್ ಅಲ್ಲದ ಪ್ರತಿ ಎಂಬುದೇ ಇಲ್ಲ. ಗೇಮ್ ಸಂರಕ್ಷಣೆಯ ಬಾಗಿಲು ಈ ಒಂದು ಪದಪುಂಜದಿಂದ ಮುಚ್ಚಿದೆ. ಗ್ರಂಥಾಲಯಗಳಿಗೆ ಪ್ರಕಾಶಕರು ಪ್ರತಿ ಸಲ್ಲಿಸಬೇಕೆಂಬ 1954ರ ಕೇಂದ್ರ ಕಾಯ್ದೆಯೂ ಪುಸ್ತಕ ಹಾಗೂ ಪತ್ರಿಕೆಗಳಿಗಾಗಿ ರೂಪುಗೊಂಡದ್ದು. ಅದರ ವ್ಯಾಖ್ಯೆಯಲ್ಲಿ ತಂತ್ರಾಂಶಕ್ಕೆ ಸ್ಥಾನವಿಲ್ಲ.

ಪ್ರತಿಗಳಿಂದ ಉಳಿದದ್ದು, ಪ್ರತಿಯಿಲ್ಲದೆ ಅಳಿದದ್ದು

ಆಟಗಳಂತಹ ಕ್ಷುಲ್ಲಕ ವಸ್ತುವಿಗೆ ಇಷ್ಟೊಂದು ಚಿಂತೆಯೇಕೆ ಎಂದು ಕೇಳುವವರಿದ್ದಾರೆ. ಸಿನಿಮಾ ಬಗ್ಗೆಯೂ ಒಂದು ಕಾಲದಲ್ಲಿ ಇದೇ ಮಾತು ಕೇಳಿಬರುತ್ತಿತ್ತು. 1934ರಲ್ಲಿ ತೆರೆಕಂಡ ಕನ್ನಡದ ಮೊದಲ ವಾಕ್ಚಿತ್ರ ‘ಸತಿ ಸುಲೋಚನಾ’ದ ಪ್ರತಿ ಇಂದು ಲಭ್ಯವಿಲ್ಲ. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಆರಂಭವಾದದ್ದು 1964ರಲ್ಲಿ. ಅಷ್ಟರಲ್ಲಿ ಮೂವತ್ತು ವರ್ಷಗಳು ಕಳೆದಿದ್ದವು. ಕನ್ನಡ ಚಿತ್ರರಂಗದ ಇತಿಹಾಸ ಬರೆಯುವವರು ಮೊದಲ ಅಧ್ಯಾಯವನ್ನು ಇಂದಿಗೂ ಸ್ಥಿರಚಿತ್ರಗಳು ಹಾಗೂ ನೆನಪುಗಳ ಆಧಾರದಲ್ಲಿಯೇ ಬರೆಯಬೇಕಾಗಿದೆ.

ಇದಕ್ಕೆ ವ್ಯತಿರಿಕ್ತವಾದ ಉದಾಹರಣೆ ಕೊಪ್ಪಳದಲ್ಲಿಯೇ ಇದೆ. ಅಶೋಕನ ಒಂದೇ ಲಘು ಶಾಸನವನ್ನು ಕೊಪ್ಪಳದ ಗವಿಮಠ, ಪಾಲ್ಕಿಗುಂಡು, ರಾಯಚೂರು ಜಿಲ್ಲೆಯ ಮಸ್ಕಿ, ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿ ಮುಂತಾದ ಕಡೆಗಳಲ್ಲಿ ಕೆತ್ತಲಾಗಿದೆ. ಪಾಲ್ಕಿಗುಂಡಿನ ಪ್ರತಿ ಬಹುಮಟ್ಟಿಗೆ ಸವೆದುಹೋಗಿದೆ. ಆದರೂ ಅದು ಯಾವ ಶಾಸನ ಎಂದು ವಿದ್ವಾಂಸರು ಗುರುತಿಸಲು ಸಾಧ್ಯವಾದದ್ದು ಉಳಿದೆಡೆಯ ಪ್ರತಿಗಳಿಂದ. 1915ರಲ್ಲಿ ಪತ್ತೆಯಾದ ಮಸ್ಕಿಯ ಪ್ರತಿಯಲ್ಲಿ ಅಶೋಕನ ಹೆಸರೇ ಇದ್ದುದರಿಂದ, ‘ದೇವಾನಾಂಪ್ರಿಯ’ ಎಂಬ ಬಿರುದಿನ ರಾಜ ಅಶೋಕನೇ ಎಂಬುದು ದೃಢಪಟ್ಟಿತು. ವಚನಗಳ ಕಥೆಯೂ ಅದೇ. ಫ.ಗು. ಹಳಕಟ್ಟಿಯವರು ಸಂಗ್ರಹಿಸಿದ ತಾಳೆಗರಿಗಳು ಮಠ ಮನೆಗಳಲ್ಲಿ ಪೀಳಿಗೆಯಿಂದ ಪೀಳಿಗೆಗೆ ನಕಲಾಗುತ್ತಾ ಬಂದವು. ಕೃತಿಗಳು ಉಳಿಯುವುದು ಹಲವು ಪ್ರತಿಗಳು ಹಲವು ಕೈಗಳಲ್ಲಿ ಇರುವುದರಿಂದ. ನಕಲು ತಡೆ ಎಂಬ ತಂತ್ರ ಈ ಹಳೆಯ ವಿವೇಕಕ್ಕೆ ನೇರ ವಿರುದ್ಧವಾದುದು.

ನಿರ್ಮಾಪಕರ ಮಾತಿನಲ್ಲೂ ಹುರುಳಿದೆ

ಹಾಗೆಂದು ಪೈರಸಿಯನ್ನು ಸಂರಕ್ಷಣೆಯ ಹೆಸರಿನಲ್ಲಿ ಸಮರ್ಥಿಸುವುದು ಸಾಧುವಲ್ಲ. ನಕಲು ಸಿ.ಡಿ. ಮಾರಿದವರು ಯಾವುದನ್ನೂ ಕಾಪಿಡುವ ಉದ್ದೇಶದಿಂದ ಮಾರಿದವರಲ್ಲ. ಅವರ ಪ್ರತಿಗಳಲ್ಲಿ ಅನೇಕವು ಅಪೂರ್ಣ; ಒಂದೇ ಸಿ.ಡಿ.ಯಲ್ಲಿ ಹಿಡಿಸಲು ಹಾಡು, ದೃಶ್ಯಗಳನ್ನು ಕತ್ತರಿಸಿದಂಥವು. ಕೆಲವು ವೈರಸ್ ಹೊತ್ತು ತಂದಂಥವು. ಅವುಗಳಲ್ಲಿ ಕೆಲವು ಉಳಿದುಕೊಂಡದ್ದು ಆಕಸ್ಮಿಕ.

ಬೆಂಗಳೂರಿನ ಉದ್ಯಮಕ್ಕೆ ಪೈರಸಿಯ ಹೊಡೆತ ಕಾಲ್ಪನಿಕವೂ ಅಲ್ಲ. 1997ರಲ್ಲಿ ಇಲ್ಲಿ ಆರಂಭವಾದ ಧ್ರುವ ಇಂಟರ್‌ಆ್ಯಕ್ಟಿವ್ ದೇಶದ ಮೊದಲ ಗೇಮ್ ಸಂಸ್ಥೆಗಳಲ್ಲಿ ಒಂದು. ಭಾರತದಲ್ಲಿ ಗೇಮ್ ಮಾರಿ ಬದುಕುವ ಸ್ಥಿತಿ ಇಲ್ಲದ ಆ ಕಾಲದಲ್ಲಿ ಅದು ನೆಲೆ ಕಂಡುಕೊಂಡದ್ದು ವಿದೇಶಿ ಕಂಪನಿಗಳ ಆಟಗಳಿಗೆ ಕಲಾಕೆಲಸ ಮಾಡಿಕೊಡುವ ಮೂಲಕ. 2016ರಲ್ಲಿ ಸ್ವೀಡನ್ನಿನ ಸ್ಟಾರ್‌ಬ್ರೀಜ್, 2019ರಲ್ಲಿ ‘ಜಿ.ಟಿ.ಎ.’ ಸರಣಿಯ ರಾಕ್‌ಸ್ಟಾರ್ ಅದನ್ನು ಕೊಂಡವು. ಒಂದು ಕಾಲದಲ್ಲಿ ನಕಲು ಸಿ.ಡಿ.ಯಲ್ಲಿ ಜಿ.ಟಿ.ಎ. ಆಡಿದ ರಾಜ್ಯದ ಯುವಕರು ಈಗ ಅದೇ ಕಂಪನಿಯ ಬೆಂಗಳೂರು ಕಚೇರಿಯಲ್ಲಿ ಉದ್ಯೋಗ ಅರಸುವ ಕಾಲ. ಸ್ವಂತ ಆಟ ಮಾಡಲು ಹೊರಟ ನಾಲ್ಕಾರು ಜನರ ಸಣ್ಣ ತಂಡಕ್ಕೆ ಬಿಡುಗಡೆಯ ಮೊದಲ ವಾರಗಳ ಮಾರಾಟವೇ ಜೀವಾಳ. ಆ ಅವಧಿಯಲ್ಲಿ ನಕಲು ಹಬ್ಬಿದರೆ ಎರಡನೆಯ ಆಟ ಹುಟ್ಟುವುದೇ ಇಲ್ಲ.

ಆದರೆ ಇದೇ ಕಥೆಗೆ ಇನ್ನೊಂದು ಮುಖವಿದೆ. ಕಂಪನಿಗಳು ಕೈ ಬದಲಾದಂತೆ ಹಳೆಯ ಆಟಗಳ ವಾರಸುದಾರಿಕೆಯೂ ಮಸುಕಾಗುತ್ತದೆ. 1999ರಲ್ಲಿ ಮುಂಬೈನಲ್ಲಿ ಆರಂಭವಾದ ಇಂಡಿಯಾಗೇಮ್ಸ್, ಸ್ಮಾರ್ಟ್‌ಫೋನ್ ಪೂರ್ವದ ಕೀಪ್ಯಾಡ್ ಫೋನ್‌ಗಳಿಗೆ ಅನೇಕ ಆಟಗಳನ್ನು ರೂಪಿಸಿತು. ಅದು ಕಾಲಾನಂತರ ಡಿಸ್ನಿಯ ಪಾಲಾಯಿತು; 2016ರಲ್ಲಿ ಡಿಸ್ನಿ ಭಾರತದಲ್ಲಿನ ಗೇಮ್ ವ್ಯವಹಾರವನ್ನೇ ನಿಲ್ಲಿಸಿತು. ಆ ಫೋನ್‌ಗಳೂ ಇಲ್ಲ, ಅಂಗಡಿಯೂ ಇಲ್ಲ. ಭಾರತೀಯ ಗೇಮ್ ಉದ್ಯಮದ ಆರಂಭಿಕ ಅಧ್ಯಾಯವೊಂದು ‘ಸತಿ ಸುಲೋಚನಾ’ದ ದಾರಿ ಹಿಡಿಯುವ ಅಪಾಯ ಹೀಗೆ ಎದುರಾಗಿದೆ. ಹತ್ತು ವರ್ಷಗಳ ನಂತರ ಇಂದಿನ ಬೆಂಗಳೂರಿನ ಸಣ್ಣ ತಂಡಗಳ ಆಟಗಳಿಗೂ ಇದೇ ಗತಿ ಬಂದರೆ ಅಚ್ಚರಿಯಿಲ್ಲ.

ಅನ್ಯ ದೇಶಗಳ ಮಾದರಿ

ಫ್ರಾನ್ಸ್ 1992ರ ಕಾಯ್ದೆಯ ಮೂಲಕ ವಿಡಿಯೊ ಗೇಮ್‌ಗಳನ್ನೂ ರಾಷ್ಟ್ರೀಯ ಗ್ರಂಥಾಲಯಕ್ಕೆ ಸಲ್ಲಿಸುವ ವ್ಯವಸ್ಥೆ ತಂದಿತು. ಜಪಾನಿನ ರಾಷ್ಟ್ರೀಯ ಡಯಟ್ ಗ್ರಂಥಾಲಯ 2000ದಿಂದ ಪೆಟ್ಟಿಗೆಯಲ್ಲಿ ಮಾರಾಟವಾಗುವ ಆಟಗಳನ್ನು ಸ್ವೀಕರಿಸುತ್ತಿದೆ. ಇದರಿಂದ ಆ ದೇಶಗಳ ಉದ್ಯಮವೇನೂ ನಷ್ಟಕ್ಕೆ ಸಿಲುಕಲಿಲ್ಲ. ಎರಡೂ ಗೇಮ್ ನಿರ್ಮಾಣದಲ್ಲಿ ಮುಂಚೂಣಿಯಲ್ಲಿವೆ. ಅಮೆರಿಕದಲ್ಲಿ ಹೋರಾಟ ಇನ್ನೂ ನಡೆದಿದೆ. ಮಾರುಕಟ್ಟೆಯಲ್ಲಿಲ್ಲದ ಆಟಗಳನ್ನು ಸಂಶೋಧಕರು ದೂರದಿಂದಲೇ ನೋಡಲು ಅವಕಾಶ ಬೇಕೆಂಬ ಗ್ರಂಥಾಲಯಗಳ ಕೋರಿಕೆಯನ್ನು ಅಲ್ಲಿನ ಕೃತಿಸ್ವಾಮ್ಯ ಕಚೇರಿ 2024ರ ಅಕ್ಟೋಬರ್‌ನಲ್ಲಿ ತಿರಸ್ಕರಿಸಿತು. ಅದೇ ವರ್ಷ ಕ್ಯಾಲಿಫೋರ್ನಿಯಾ ರಾಜ್ಯ, ಡಿಜಿಟಲ್ ಸರಕನ್ನು ‘ಖರೀದಿ’ ಎಂದು ಮಾರುವವರು ಅದು ಕೇವಲ ಪರವಾನಗಿ ಎಂಬುದನ್ನು ಗ್ರಾಹಕನಿಗೆ ಸ್ಪಷ್ಟಪಡಿಸಬೇಕೆಂದು ಕಾನೂನು ಮಾಡಿತು. ‘ದಿ ಕ್ರೂ’ ಪ್ರಕರಣದ ನಂತರ ಯುರೋಪಿನಲ್ಲಿ ಆರಂಭವಾದ ಸಹಿ ಸಂಗ್ರಹ ಅಭಿಯಾನ 2025ರಲ್ಲಿ 10 ಲಕ್ಷದ ಗಡಿ ದಾಟಿತು.

ಭಾರತದಲ್ಲಿ ಗೇಮ್‌ಗಳ ಬಗೆಗಿನ ಶಾಸನಸಭೆಗಳ ಚರ್ಚೆ ಬಹುಪಾಲು ಜೂಜಿನ ಸುತ್ತಲೇ ಸುತ್ತಿದೆ. ಆನ್‌ಲೈನ್ ಜೂಜು ತಡೆಯಲು ಕರ್ನಾಟಕ 2021ರಲ್ಲಿ ತಂದ ತಿದ್ದುಪಡಿಯ ಮುಖ್ಯ ಅಂಶಗಳನ್ನು ಹೈಕೋರ್ಟ್ 2022ರ ಫೆಬ್ರುವರಿಯಲ್ಲಿ ರದ್ದುಗೊಳಿಸಿತು. ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸುವ ಮಸೂದೆಗೆ ಸಂಸತ್ತು 2025ರ ಆಗಸ್ಟ್‌ನಲ್ಲಿ ಒಪ್ಪಿಗೆ ನೀಡಿತು. ಇವು ಅಗತ್ಯವಾದ ಚರ್ಚೆಗಳೇ. ಆದರೆ ಗೇಮ್ ಎಂಬುದು ಬರಹ, ಚಿತ್ರ, ಸಂಗೀತಗಳು ಕೂಡಿದ ಕೃತಿಯೂ ಹೌದು ಎಂಬ ಅರಿವು ಅವುಗಳಲ್ಲಿ ವಿರಳ.

ರಾಜ್ಯ ಮಾಡಬಹುದಾದದ್ದು

ಕೃತಿಸ್ವಾಮ್ಯ ಕಾಯ್ದೆಯ ತಿದ್ದುಪಡಿ ಸಂಸತ್ತಿಗೆ ಸೇರಿದ ವಿಷಯ. ಗ್ರಂಥಾಲಯಗಳ ವಿನಾಯಿತಿಯಲ್ಲಿರುವ ‘ಡಿಜಿಟಲ್ ಅಲ್ಲದ ಪ್ರತಿ’ ಎಂಬ ಷರತ್ತನ್ನು ತೆಗೆದುಹಾಕುವಂತೆ ಕೇಂದ್ರವನ್ನು ಒತ್ತಾಯಿಸಲು ಕರ್ನಾಟಕಕ್ಕಿಂತ ಸೂಕ್ತ ರಾಜ್ಯ ಮತ್ತೊಂದಿಲ್ಲ. ತನ್ನದೇ ಅಧಿಕಾರದ ಮಿತಿಯಲ್ಲಿ ರಾಜ್ಯ ಸರ್ಕಾರ ಇನ್ನೂ ಎರಡು ಹೆಜ್ಜೆ ಇಡಬಹುದು.

ಮೊದಲನೆಯದು, ಪ್ರತಿ ಸಲ್ಲಿಕೆ. ಆ್ಯನಿಮೇಷನ್ ಮತ್ತು ಗೇಮಿಂಗ್ ಕ್ಷೇತ್ರಕ್ಕಾಗಿ 2012ರಲ್ಲಿಯೇ ನೀತಿ ರೂಪಿಸಿದ ಕರ್ನಾಟಕ, 2024ರಿಂದ 2029ರ ಅವಧಿಗೆ ಹೊಸ ನೀತಿಯನ್ನು ಪ್ರಕಟಿಸಿದೆ. ಈ ನೀತಿಯಡಿ ಪ್ರೋತ್ಸಾಹ ಪಡೆಯುವ ಸಂಸ್ಥೆಗಳು ತಮ್ಮ ಆಟದ ಬೀಗವಿಲ್ಲದ ಒಂದು ಪ್ರತಿಯನ್ನು ಬೆಂಗಳೂರಿನ ರಾಜ್ಯ ಕೇಂದ್ರ ಗ್ರಂಥಾಲಯಕ್ಕೆ ಸಲ್ಲಿಸಬೇಕೆಂಬ ಷರತ್ತು ವಿಧಿಸಬಹುದು. ಹಕ್ಕುದಾರನೇ ಒಪ್ಪಿ ಕೊಡುವ ಪ್ರತಿಗೆ ಕೃತಿಸ್ವಾಮ್ಯದ ತಕರಾರು ಬಾರದು. ಆಟ ಮಾರಾಟದಲ್ಲಿರುವವರೆಗೆ ಆ ಪ್ರತಿ ಮುದ್ರೆಯೊಳಗೇ ಇರಲಿ. ಮಾರಾಟ ನಿಂತ ಮೇಲೆ ಸಂಶೋಧಕರು ಗ್ರಂಥಾಲಯದಲ್ಲೇ ಕುಳಿತು ನೋಡುವಂತಾಗಲಿ. ಉದ್ಯಮಕ್ಕೆ ಇದರಿಂದ ಬೀಳುವ ಹೊರೆ ಒಂದು ಹಾರ್ಡ್ ಡಿಸ್ಕ್‌ನ ಬೆಲೆಯಷ್ಟು.

ಎರಡನೆಯದು, ಗೂಂಡಾ ಕಾಯ್ದೆಯ ಬಳಕೆ. ತಂತ್ರಾಂಶದ ವಿಷಯದಲ್ಲಿ ಆ ಕಾಯ್ದೆಯೇ ‘ವಾಣಿಜ್ಯ ಉದ್ದೇಶ’ದ ಮಾತನ್ನಾಡುತ್ತದೆ. ಮಾರಾಟದಲ್ಲಿರುವ ಆಟದ ಸಾವಿರ ಪ್ರತಿ ಮಾಡಿ ಮಾರುವ ದಂಧೆಕೋರನಿಗೂ, ಅಂಗಡಿಯಲ್ಲಿ ಸಿಗದ ಇಪ್ಪತ್ತು ವರ್ಷ ಹಳೆಯ ಡಿಸ್ಕನ್ನು ಉಳಿಸಿಟ್ಟುಕೊಂಡ ಹವ್ಯಾಸಿಗೂ ಇರುವ ಅಂತರವನ್ನು ಪೊಲೀಸ್ ಠಾಣೆಯ ಮಟ್ಟಕ್ಕೆ ಸುತ್ತೋಲೆಯ ಮೂಲಕ ಸ್ಪಷ್ಟಪಡಿಸಿದರೆ ಹೊಸ ಕಾನೂನಿನ ಅಗತ್ಯವೂ ಬೀಳದು.

ಈ ಕೆಲಸಕ್ಕೆ ಇರುವ ಕಾಲಾವಕಾಶ ದೊಡ್ಡದಲ್ಲ. ತೊಂಬತ್ತರ ದಶಕದಲ್ಲಿ ಬರೆದ ಸಿ.ಡಿ.ಗಳ ಪದರ ಕಳಚತೊಡಗಿದೆ, ಅವನ್ನು ಓದುವ ಡ್ರೈವ್‌ಗಳು ಹೊಸ ಕಂಪ್ಯೂಟರ್‌ಗಳಲ್ಲಿ ಇಲ್ಲವಾಗಿವೆ, ಆ ಆಟಗಳನ್ನು ಬರೆದ ಇಂಜಿನಿಯರ್‌ಗಳು ನಿವೃತ್ತಿಯತ್ತ ಸಾಗಿದ್ದಾರೆ. ಹಕ್ಕಿನ ಅವಧಿ ಮುಗಿಯುವ ದಿನ ಬಂದಾಗ ಬಿಡುಗಡೆ ಮಾಡಲು ಕೃತಿಯೇ ಇರದಿದ್ದರೆ ಇಷ್ಟು ವರ್ಷ ಕಾನೂನು ರಕ್ಷಿಸಿದ್ದು ಏನನ್ನು ಎಂಬ ಪ್ರಶ್ನೆಗೆ ಸರ್ಕಾರವೂ ಉದ್ಯಮವೂ ಉತ್ತರ ಕೊಡಬೇಕಾಗುತ್ತದೆ.